ಬಿದ್ದವನ ಮೇಲಿನ ಏಟು

ದ್ಯಾವಪ್ಪ ಬಿದ್ದವನಿಗೆ ಹೊಡೆದ. ಮಾಡಿದ ತಪ್ಪು ಅದು. ಅದನ್ನು ಮುಚ್ಚಿಹಾಕಲು ಊರು ಟೊಂಕ ಕಟ್ಟಿ ನಿಂತಿತು. ಅದು ಇನ್ನೂ ದೊಡ್ಡ ತಪ್ಪು.

ಪಕ್ಕದ ಗದ್ದೆಯ ಮಾರೇಶನೊಡನೆ ತೂಬಿನ ನೀರಿಗಾಗಿ ಜಗಳ. ಬೆಳಿಗ್ಗೆ ಹೊಳೆದಂಡೆಯಲ್ಲಿ ಮಾರೇಶ ಮಚ್ಚು ಹಿಡಿದು ಏರಿ ಬಂದಿದ್ದ. ದ್ಯಾವಪ್ಪನ ದೊಣ್ಣೆ ಅವನ ಮುಂಗೈಗೆ ಬಿತ್ತು. ಮಚ್ಚು ಹಾರಿ ಹೊಳೆಗೆ ಬಿತ್ತು. ಮಾರೇಶ ಜಾರಿ ಅಂಗಾತ ಬಿದ್ದ. ದೊಣ್ಣೆ ಮತ್ತೆ ಎದ್ದಿತು.

ಆಸ್ಪತ್ರೆ ಮುಟ್ಟುವಷ್ಟರಲ್ಲಿ ಮಾರೇಶನ ಉಸಿರು ನಿಂತಿತ್ತು.

"ಮಚ್ಚು ಕೈಯಲ್ಲಿದ್ದಾಗಲೇ ಹೊಡೆದೆ ಅನ್ನು. ನಾವೆಲ್ಲ ನೋಡಿದ್ದೀವಿ ಅಂತೀವಿ," ಎಂದರು ಊರ ಹಿರಿಯರು. ಅವರಲ್ಲಿ ಒಬ್ಬರೂ ಅಲ್ಲಿರಲಿಲ್ಲ.

ಪೊಲೀಸರು ಬರುವ ಮೊದಲೇ ದ್ಯಾವಪ್ಪ ಗರಡಿಗೆ ಓಡಿದ. ಉಸ್ತಾದ್ ಬೋರಯ್ಯ ಕುಸ್ತಿಯ ಕೆಂಪು ಮಣ್ಣಿಗೆ ಮಜ್ಜಿಗೆ ಚಿಮುಕಿಸಿ ಕಲಸುತ್ತಿದ್ದರು. ಅವನು ನಡೆದದ್ದನ್ನೂ ಹಿರಿಯರ ಮಾತನ್ನೂ ಹೇಳಿದ.

"ಏನು ಹೇಳಲಿ ಉಸ್ತಾದ್? ನೀವು ಅಂದಂಗೆ ಹೇಳ್ತೀನಿ."

ಬೋರಯ್ಯ ಅಂಗಿ ಬಿಚ್ಚಿದರು. "ಮಣ್ಣಿಗೆ ಇಳಿ."

"ಈಗಲಾ?"

"ಮತ್ತೆ ಯಾವಾಗ? ನನ್ನ ತಿಥಿ ದಿನವಾ?"

ಇಬ್ಬರೂ ಒಬ್ಬರನ್ನೊಬ್ಬರು ಹಿಡಿದರು. ಮುದುಕ ಮೊದಲು ಅವನನ್ನು ಅಲ್ಲಾಡಿಸಿಬಿಟ್ಟರು.

"ಇದೇನು ಹಿಡಿತವೋ? ನಿಮ್ಮಜ್ಜಿ ಮುದ್ದೆ ಕೋಲನ್ನ ಇದಕ್ಕಿಂತ ಗಟ್ಟಿಯಾಗಿ ಹಿಡೀತಾಳೆ!"

ದ್ಯಾವಪ್ಪನಿಗೆ ರೇಗಿತು. ಎತ್ತಿ ಹಾಕಿದ. ಬೋರಯ್ಯ ಚಿತ್ ಆದರು, ಬೆನ್ನು ಮಣ್ಣಿಗೆ ಅಂಟಿತು.

ಆ ಕ್ಷಣವೇ ದ್ಯಾವಪ್ಪನ ಕೈ ಸಡಿಲವಾಯಿತು. ಗುರುವನ್ನು ಎಬ್ಬಿಸಿದ. ಗರಡಿಯ ರಿವಾಜಿನಂತೆ ಬೆನ್ನಿನ ಮಣ್ಣು ಒರೆಸಿದ.

"ಯಾಕೆ ಬಿಟ್ಟೆ?" ಬೋರಯ್ಯ ಕೇಳಿದರು.

"ಬೆನ್ನು ಮಣ್ಣು ಮುಟ್ತಲ್ಲ, ಉಸ್ತಾದ್."

"ಸಿಟ್ಟು ಬಂದಿತ್ತಲ್ಲ ನಿಂಗೆ?"

"ಬಂದಿತ್ತು. ಆದ್ರೂ..."

ದ್ಯಾವಪ್ಪ ಮಣ್ಣು ಹತ್ತಿದ ತನ್ನ ಅಂಗೈಯನ್ನೇ ನೋಡುತ್ತ ನಿಂತ. ಆಮೇಲೆ ವಾದಕ್ಕಿಳಿದ. "ಇಲ್ಲಿ ಮಚ್ಚಿಲ್ಲ ಉಸ್ತಾದ್. ಅಲ್ಲಿ ನನ್ನ ಜೀವ ಹೋಗ್ತಿತ್ತು."

"ಹೋಗ್ತಿತ್ತು. ಮೊದಲನೇ ಏಟು ನಿನ್ನ ಹಕ್ಕು. ಕಾನೂನೂ ಅದನ್ನೇ ಹೇಳುತ್ತೆ. ಯಾವ ಕೋರ್ಟಿನಲ್ಲಿ ಬೇಕಾದರೂ ನಾನು ಕೂಗಿ ಹೇಳ್ತೀನಿ. ಎರಡನೇದು ಹೊಡೆಯುವಾಗ ಮಚ್ಚು ಎಲ್ಲಿತ್ತು?"

"ಹೊಳೇಲಿ."

"ಅವನು?"

"ಅಂಗಾತ." ದ್ಯಾವಪ್ಪ ಕುಸಿದು ಕೂತ. "ಕೈ ಅಡ್ಡ ಹಿಡಿದಿದ್ದ, ಉಸ್ತಾದ್. 'ಸಾಕು ಕಣೋ' ಅಂದ. ಇದನ್ನ ಯಾರಿಗೂ ಹೇಳಿರಲಿಲ್ಲ."

ಬೋರಯ್ಯ ಬಿಂದಿಗೆಯ ನೀರು ಬಗ್ಗಿಸಿ ಕೊಟ್ಟರು. ಅವನು ಗಟಗಟ ಕುಡಿದ. ಎದೆಯ ಮೇಲಿನ ಕಲ್ಲು ಯಾರೋ ಎತ್ತಿಟ್ಟ ಹಾಗಿತ್ತು.

"ಭಯವೂ ಇತ್ತು, ಸಿಟ್ಟೂ ಇತ್ತು. ಯಾವುದು ಎಷ್ಟು ಅಂತ ಗೊತ್ತಿಲ್ಲ."

"ಅದನ್ನೂ ಹಂಗೇ ಹೇಳು. ತೂಗೋದು ಕೋರ್ಟಿನ ಕೆಲಸ. ಹಕ್ಕು ಮೀರಿದವನಿಗೂ ಕೊಲೆಗಡುಕನಿಗೂ ಕಾನೂನು ವ್ಯತ್ಯಾಸ ನೋಡುತ್ತೆ. ಆದರೆ ತಕ್ಕಡಿಗೆ ಸುಳ್ಳು ಹಾಕಿದರೆ ಅದೇನು ತೂಗೀತು?"

"ಜೈಲಾದರೆ?"

"ಆಗಲಿ. ಬೇಗ ಮುಗಿಸ್ಕೊಂಡು ಬಾ. ಮಣ್ಣು ಕಲಸಿ ಕಲಸಿ ನನ್ನ ಸೊಂಟ ಬಿದ್ದೋಗಿದೆ."

ದ್ಯಾವಪ್ಪನಿಗೆ ನಗು ಬಂತು, ಅಳುವಿನ ನಡುವೆಯೇ.

ಬಾಗಿಲಲ್ಲಿ ಹಿರಿಯರು ಬಂದು ನಿಂತಿದ್ದರು. "ಬಾರೋ, ಹೇಳಿಕೊಟ್ಟಿದ್ದು ನೆನಪಿದೆ ತಾನೆ?"

ದ್ಯಾವಪ್ಪ ಅವರ ನಡುವೆ ಹಾದು ಹೊರಬಂದ. ಯಾರ ಮುಖವನ್ನೂ ನೋಡಲಿಲ್ಲ. ಬೋರಯ್ಯ ಅಂಗಿ ತೊಡುತ್ತ ಅವನ ಜೊತೆಗೆ ಹೆಜ್ಜೆ ಹಾಕಿದರು.

ಠಾಣೆಯ ಮೆಟ್ಟಿಲ ಬಳಿ ಅವನು ನಿಂತ. "ಎಲ್ಲಿಂದ ಶುರುಮಾಡಲಿ, ಉಸ್ತಾದ್?"

"ಎರಡನೇ ಏಟಿನಿಂದ. ನಡಿ, ಹೇಳು."