ಮೊರದಲ್ಲಿ ಕೂತು ಅರಮನೆಗೆ ಹೋದ ಜ್ವರ

ಒಂದಾನೊಂದು ಊರಿನಲ್ಲಿ, ಊರೆಂದರೆ ಮೂರೇ ಬೀದಿ ಮಕ್ಕಳೇ, ಉಳಿದದ್ದೆಲ್ಲ ಅರಮನೆ, ಒಬ್ಬ ರಾಜನಿದ್ದ. ಅವನ ಎಡಮೀಸೆ ಜೋತುಬಿದ್ದಿತ್ತು. ಅದನ್ನು ನೋಡಿಕೊಳ್ಳಲು ಹನ್ನೊಂದು ಜನ ವೈದ್ಯರು. ಒಬ್ಬ ಮೀಸೆಯ ನಾಡಿ ಹಿಡಿಯುತ್ತಿದ್ದ, ಒಬ್ಬ ತುಪ್ಪ ಸವರುತ್ತಿದ್ದ, ಉಳಿದವರು "ಅಯ್ಯೋ ಪಾಪ" ಅನ್ನುತ್ತಿದ್ದರು.

ಮೊರ ಹೆಣೆಯುವ ದ್ಯಾಮವ್ವನ ಮಗಳು ಕೆಂಚಿಗೆ ಜ್ವರ ಬಂತು. ಎಂಥಾ ಜ್ವರ? ಅಂಗೈ ಮೇಲೆ ರೊಟ್ಟಿ ಬೇಯುವಂಥ ಜ್ವರ. ದ್ಯಾಮವ್ವ ಅರಮನೆ ಬಾಗಿಲಿಗೆ ಓಡಿದಳು.

"ಹೊಸ್ತಿಲ ಒಳಗಿನವರಿಗೆ ಔಷಧಿ ಪುಕ್ಕಟೆ," ಅಂದ ಹಿರಿಯ ವೈದ್ಯ. "ಹೊರಗಿನವರು ನಾಲಿಗೆ ತೋರಿಸಲು ಒಂದು ಆನೆ. ಕಷಾಯಕ್ಕೆ ಎರಡು ಆನೆ."

"ನನ್ನ ಹತ್ತಿರ ಒಂದು ಕೋಳಿ ಇದೆ ಬುದ್ಧಿ."

"ಕೋಳಿಗೆ ಸೊಂಡಿಲಿದೆಯಾ?"

"ಇಲ್ಲ."

"ಹಾಗಾದರೆ ನಾಲಿಗೆ ಒಳಗೇ ಇರಲಿ."

ದ್ಯಾಮವ್ವ ಅಳಲಿಲ್ಲ. ರೋಗ ತರುವ ಮಾರಿಯನ್ನು ಮೊರದಲ್ಲಿಟ್ಟು ಊರ ಗಡಿ ದಾಟಿಸುವುದನ್ನು ಅವಳು ಚಿಕ್ಕಂದಿನಿಂದ ಕಂಡವಳು. ಹೊಸ ಮೊರ ತಂದು ಮಗಳ ಪಕ್ಕ ಇಟ್ಟಳು.

"ಜ್ವರಪ್ಪ, ಹತ್ತಿ ಕೂತ್ಕೋ. ಅರಮನೆಗೆ ಹೋಗೋಣ. ಅಲ್ಲಿ ತುಪ್ಪ ಇದೆ."

"ನನ್ನ ಹತ್ತಿರ ಆನೆ ಇಲ್ವಲ್ಲ," ಅಂತು ಜ್ವರ.

"ಆನೆ ಕೇಳೋದು ರೋಗೀನ. ನೀನು ರೋಗ."

ಹೌದಲ್ಲ ಅಂದುಕೊಂಡು ಜ್ವರ ಹತ್ತಿತು. ಅರಮನೆ ಬಾಗಿಲಲ್ಲಿ ಅದೇ ಮಾತು ಕೇಳಿ, ಹೌದಲ್ಲ ಅಂದುಕೊಂಡು ಕಾವಲುಗಾರನೂ ಬಿಟ್ಟ. ಜ್ವರ ನೇರ ಹೋಗಿ ರಾಜನ ಎಡಮೀಸೆಯಲ್ಲಿ ಕೂತಿತು. ತುಪ್ಪ ಚುರ್ ಅಂತು.

ಸುದ್ದಿ ಹಬ್ಬಿತು. ಮರುದಿನ ಮೂರು ಬೀದಿಯವರೂ ಮೊರ ಹೊತ್ತು ಬಂದರು. ಒಂದರಲ್ಲಿ ಕೆಮ್ಮು, ಒಂದರಲ್ಲಿ ಹಲ್ಲುನೋವು, ಒಂದರಲ್ಲಿ ಮುದುಕಪ್ಪನ ಮಂಡಿನೋವು. ಮೀಸೆ ಸುಟ್ಟಿತು, ಕೆಮ್ಮಿತು, ಕುಂಟಿತು.

"ಕಷಾಯ ಕುಡಿಸಿರೋ," ಅಂದ ರಾಜ.

"ಮೀಸೆಗೆ ಬಾಯಿಲ್ಲ ಪ್ರಭು," ಅಂದ ಹಿರಿಯ ವೈದ್ಯ.

"ಅದರ ಕೆಳಗೇ ಇದೆಯಲ್ಲ."

"ಅದು ತಮ್ಮದು. ರೋಗ ಯಾರದೋ ಅವರೇ ಕುಡಿಯಬೇಕು."

ರಾಜ ದ್ಯಾಮವ್ವನ ಕಡೆ ತಿರುಗಿದ. "ನಿನ್ನ ಜ್ವರ ವಾಪಸ್ ತಗೊಂಡು ಹೋಗು."

"ತಗೊಂಡರೆ ನನ್ನ ಮಗಳು ಸುಡ್ತಾಳೆ. ಒಲ್ಲೆ."

"ಸರಿ, ಅವಳನ್ನ ಒಳಗೆ ಕರ್ಕೊಂಡು ಬಾ. ಕುಡಿಸ್ತಾರೆ."

"ಅವಳೊಬ್ಬಳನ್ನಾ? ಉಳಿದ ಮೊರದವರ ಗತಿ? ಆ ಹೊಸ್ತಿಲು ಕೀಳಿಸಿ ಬುದ್ಧಿ. ಆಮೇಲೆ ಒಳಗಿನವರು ಯಾರು, ಹೊರಗಿನವರು ಯಾರು?"

ಹನ್ನೊಂದು ಜನ ವೈದ್ಯರೂ ಯೋಚಿಸಿದರು. ಮೀಸೆ ಇನ್ನೊಂದು ಸಲ ಕೆಮ್ಮಿತು. ಹೊಸ್ತಿಲು ಕಿತ್ತರು. ವೈದ್ಯರು ಮೂರು ಬೀದಿ ಸುತ್ತಿ ಕಷಾಯ ಕುಡಿಸಿದರು. ಕೆಂಚಿ ಕುಡಿದು ಮುಖ ಕಿವುಚಿದಳು, ಅತ್ತ ಮೀಸೆ ತಣ್ಣಗಾಯಿತು. ಆ ಹೊಸ್ತಿಲನ್ನೇ ಸೀಳಿ, ನೀರು ಕಾಯಿಸಿ, ದ್ಯಾಮವ್ವ ಮಗಳಿಗೆ ಎರೆದಳು.

ನೀತಿ ಕೇಳ್ತೀರಾ? ಮೀಸೆ ಇನ್ನೂ ಜೋತೇ ಇದೆ. ಅದಕ್ಕೆ ಮೊದಲೂ ಏನೂ ಆಗಿರಲಿಲ್ಲ. ಹೊಸ್ತಿಲು ಮಾತ್ರ ಕಿತ್ತಷ್ಟೂ ಚಿಗುರುತ್ತೆ ಮಕ್ಕಳೇ. ಚಿಗುರಲಿ. ಮೊರ ಹೆಣೆಯೋಕೆ ನಮ್ಮಲ್ಲಿ ಬಿದಿರಿದೆ.