ಹಗೇವು ತೆರೆದ ದಿನ

"ಗುರುಗಳೇ, ಯುದ್ಧ ಮುಗಿದು ನಾಡೆಲ್ಲ ಕುಣಿಯುತ್ತಿದೆ. ರಣದಿಂದ ಬಂದ ನನ್ನಣ್ಣ ಮಾತ್ರ ನಗುವುದೇ ಇಲ್ಲ. ಅವನನ್ನು ಈ ಸಂಭ್ರಮಕ್ಕೆ ಕರೆತರುವುದು ಹೇಗೆ?" ಎಂದು ಶಿಷ್ಯ ಕೇಳಿದ. ಗುರುಗಳು ಒಂದು ಕತೆ ಹೇಳಿದರು.

ಒಂದೂರಿನಲ್ಲಿ ಒಬ್ಬ ರೈತನಿದ್ದ. ಅರಸರಿಬ್ಬರು ಜಗಳ ತೆಗೆದರು. ಕತ್ತಿ ಹಿಡಿದು ಹೋಗಬೇಕಾದವನು ಇವನು. ದಂಡು ಬಂದರೆ ಒಂದು ಕಾಳೂ ಉಳಿಯದೆಂದು ಅವನ ಹೆಂಡತಿ ಜೋಳವನ್ನೆಲ್ಲ ಅಂಗಳದ ಹಗೇವಿಗೆ, ಅಂದರೆ ನೆಲದೊಳಗಿನ ಕಣಜಕ್ಕೆ ಸುರಿದು, ಬಂಡೆ ಮುಚ್ಚಿ ಮಣ್ಣು ಮೆತ್ತಿದಳು. ಅರೆಹೊಟ್ಟೆಯಲ್ಲಿ ಮಲಗಿದರೂ ಅದನ್ನು ಮುಟ್ಟಲಿಲ್ಲ. ಗಂಡ ಬಂದ ಮೇಲೆಯೇ ತೆಗೆಯಬೇಕೆಂಬುದು ಅವಳ ಹಟ.

ವರ್ಷಗಳು ಉರುಳಿ ಯುದ್ಧ ಮುಗಿಯಿತು. ಗಂಡ ಬಂದ. ಉಂಡ, ಮಲಗಿದ, ಮಾತಾಡಲಿಲ್ಲ. ಅವಳಿಗೆ ಸಂಕಟವಾಯಿತು, ಸಿಟ್ಟೂ ಬಂತು. ಇಷ್ಟು ಕಾದದ್ದು ಈ ಮುಖ ನೋಡಲಿಕ್ಕೇ ಎಂದುಕೊಂಡಳು. ಹಗೇವಿನ ಜೋಳ ತೆಗೆದು ಊರಿಗೆಲ್ಲ ಊಟ ಹಾಕಿದರಾದರೂ ನಕ್ಕಾನೆಂದು ಎಲ್ಲರನ್ನೂ ಕರೆದಳು.

ಜನ ಹಲಗೆ ಬಾರಿಸುತ್ತ ಬಂದರು. ಬಂಡೆ ಸರಿಸಿದರು. "ಯಜಮಾನನೇ ಇಳೀಲಿ!" ಎಂದು ಕೂಗಿದರು. ರೈತ ಧೋತರ ಮೇಲೆ ಕಟ್ಟಿ ಒಳಗೆ ಕಾಲಿಟ್ಟ. ಮುಚ್ಚಿದ ಹಗೇವಿನ ಗಾಳಿ ಜೀವ ತೆಗೆಯುತ್ತದೆಂದು ಆ ಊರಿನ ಕೂಸಿಗೂ ಗೊತ್ತು. ಆ ದಿನ ಖುಷಿಯಲ್ಲಿ ಎಲ್ಲರೂ ಮರೆತಿದ್ದರು. ಹೆಂಡತಿಗೆ ಥಟ್ಟನೆ ನೆನಪಾಯಿತು. ಓಡಿಬಂದು ಅವನ ರಟ್ಟೆ ಹಿಡಿದಳು.

"ತಡೀರಿ, ಇಳೀಬ್ಯಾಡ್ರಿ! ಮೊದಲು ದೀಪ ಬಿಟ್ಟು ನೋಡೂಣು."

"ರಣದಾಗ ಉಳದು ಬಂದಾನ. ಈ ತಗ್ಗು ಅವಗ ಏನ್ ಮಾಡ್ತದವಾ?" ಎಂದು ಒಬ್ಬ ಮುದುಕ ನಕ್ಕ.

ಅವಳು ದೀಪವನ್ನು ಹಗ್ಗಕ್ಕೆ ಕಟ್ಟಿ ಇಳಿಬಿಟ್ಟಳು. ಅರ್ಧ ದಾರಿಯಲ್ಲೇ ಅದು ಆರಿಹೋಯಿತು. ಹಲಗೆ ನಿಂತಿತು. ಮುದುಕ ತಲೆ ತಗ್ಗಿಸಿದ.

ಇನ್ನು ಗಾಳಿಯಾಡುವವರೆಗೆ ಕಾಯಬೇಕು. ಊಟ ನಾಳೆಗೋ ನಾಡಿದ್ದಿಗೋ ಎನ್ನುತ್ತ ಜನ ಮನೆಗೆ ಹೋದರು. ರೈತ ಹಗೇವಿನ ಬಳಿಯೇ ಕುಳಿತ. ಅವಳೂ ಪಕ್ಕದಲ್ಲಿ ಕುಳಿತು ಅವನ ಮುಖ ನೋಡಿದಳು. ಬಂದಾಗಿನಿಂದ "ಯಾಕ ನಗವಲ್ರಿ?" ಎಂದು ಪೀಡಿಸುತ್ತಿದ್ದವಳು ಅಂದು ಏನೂ ಕೇಳಲಿಲ್ಲ. ಅವನ ಪಾಲಿಗೆ ಅದೇ ಮೊದಲ ಹಬ್ಬ.

ಶಿಷ್ಯನಿಗೆ ತಡೆಯಲಾಗಲಿಲ್ಲ. "ಆಮೇಲಾದರೂ ಅವನು ನಕ್ಕನೇ, ಗುರುಗಳೇ?"

ಗುರುಗಳು ಹೇಳಿದರು: "ಬಂಡೆ ಸರಿದು ಇನ್ನೂ ಒಂದು ಹೊತ್ತಾಗಿಲ್ಲ, ನೀನು ಆಗಲೇ ಕಾಳು ಕೇಳುತ್ತಿದ್ದೀಯಲ್ಲ."