ಚಾಂಡ್ಲಪ್ಪನ ಗುಡ್ಡ

ಮುದ್ದನಗೇರಿಗೆ ಬರುವವರ ಕಣ್ಣಿಗೆ ಊರಿಗಿಂತ ಮೊದಲು ಊರ ಹಿಂದಿನ ಗುಡ್ಡ ಬೀಳುತ್ತದೆ. ಎರೆಹೊಲಗಳ ನಡುವೆ ಒಂಟಿಯಾಗಿ ಎದ್ದು ನಿಂತ ಬೋಳು ಗುಡ್ಡವದು. ಮರವೆಂದರೆ ನೆತ್ತಿಯ ಮೇಲಿನ ಒಂದು ಬೇವು ಮಾತ್ರ. ಬೇವಿನ ಪಕ್ಕದಲ್ಲಿ ಗಾರೆಯಿಲ್ಲದೆ ಬರೀ ಕಲ್ಲು ಜೋಡಿಸಿ ಕಟ್ಟಿದ, ಎದೆಮಟ್ಟದ ಚೌಕ ಕಟ್ಟೆಯೊಂದಿದೆ. ಅದರ ಬುಡದ ಬಂಡೆಯಲ್ಲಿ ಒಂದು ಉಂಗುರವನ್ನೂ ಉಂಗುರದ ನಡುವೆ ಒಂದು ಚುಕ್ಕಿಯನ್ನೂ ಕೊರೆದಿದ್ದಾರೆ. ಇದು ಯಾವ ದೇವರ ಗುರುತು ಎಂದು ಬಂದವರು ಕೇಳುವುದುಂಟು. ದೇವರದಲ್ಲ, ಭೂಮಿ ಅಳೆಯಲು ಬಂದ ಸರ್ವೆಯವರದು. ಆದರೂ ಗುಡ್ಡಕ್ಕೆ ಚಾಂಡ್ಲಪ್ಪನ ಗುಡ್ಡವೆಂದೇ ಹೆಸರು. ಊರಿನಲ್ಲಿಯೂ ಮನೆಗೊಬ್ಬ ಚಾಂಡ್ಲಪ್ಪ: ಟ್ರ್ಯಾಕ್ಟರ್ ಚಾಂಡ್ಲಪ್ಪ, ಕಿರಾಣಿ ಚಾಂಡ್ಲಪ್ಪ, ಮಾಸ್ತರ ಚಾಂಡ್ಲಪ್ಪ, ಇವರ ಮೇಲೆ ಬರೀ ಚಾಂಡ್ಲಪ್ಪ ಎನ್ನುವವರೇ ಏಳೆಂಟು ಜನ. ಹೊಸದಾಗಿ ಬಂದ ಅಂಚೆಯವನು ಮೊದಲ ತಿಂಗಳು ತಲೆ ಚಚ್ಚಿಕೊಳ್ಳದೆ ಇದ್ದದ್ದೇ ಇಲ್ಲ.

ಈ ಹೆಸರು ನಮ್ಮ ಕಡೆಯದಲ್ಲ, ಇಂಗ್ಲಿಷರದು. ನಮ್ಮಲ್ಲಿ ಬಡಿಗೇರ, ಕಮ್ಮಾರ, ಹೂಗಾರ ಎಂದು ಕಸುಬಿನಿಂದ ಅಡ್ಡಹೆಸರು ಬಂದಂತೆ ಅವರಲ್ಲಿಯೂ ಬರುತ್ತಿತ್ತು. ಕೊಬ್ಬು ಮತ್ತು ಮೇಣ ಕರಗಿಸಿ ಮೇಣದಬತ್ತಿ ಎರೆದು ಮಾರುವವನನ್ನು ಅಲ್ಲಿ ಚಾಂಡ್ಲರ್ ಎನ್ನುತ್ತಿದ್ದರು. ಕಸುಬು ಬಿಟ್ಟು ಎಷ್ಟೋ ತಲೆಮಾರು ಕಳೆದರೂ ಅಡ್ಡಹೆಸರು ಮನೆತನಕ್ಕೆ ಅಂಟಿಕೊಂಡು ಉಳಿಯಿತು. ಈಚೆಗೆ ಅಲ್ಲಿಯವರು ಇಂಥ ಅಡ್ಡಹೆಸರನ್ನೇ ಗಂಡುಮಕ್ಕಳಿಗೆ ಇಟ್ಟು ಕರೆಯುವ ಚಂದ ಕಲಿತಿದ್ದಾರಂತೆ. ಮುದ್ದನಗೇರಿಯವರು ಅದನ್ನು ಎಂದೋ ಮಾಡಿ ಮುಗಿಸಿ ಸುಮ್ಮನೆ ಕೂತಿದ್ದಾರೆ. ಅದಕ್ಕೆ ಕಾರಣಳಾದವಳು ಕೆಂಚವ್ವ ಎಂಬ ಕುರಿಗಾರರ ಹೆಣ್ಣುಮಗಳು.

ಹಿಂದೆ ಒಮ್ಮೆ, ಕುದುರೆಯ ಮೇಲೆ ಬರುವ ಅಧಿಕಾರಿಯನ್ನು ಕಂಡರೆ ಊರಿಗೆ ಊರೇ ಬಾಗಿಲು ಹಾಕಿಕೊಳ್ಳುತ್ತಿದ್ದ ಕಾಲದಲ್ಲಿ, ಈ ಕೆಂಚವ್ವ ನಾಲ್ಕು ಮಕ್ಕಳನ್ನು ಹೆತ್ತು ನಾಲ್ಕನ್ನೂ ಮಣ್ಣಿಗಿಟ್ಟಿದ್ದಳು. ನಾಲ್ಕೂ ಗಂಡು. ಹದಿಮೂರನೆಯ ದಿನ ತೊಟ್ಟಿಲಿಗೆ ಹಾಕಿ, ಮನೆಯ ಹಿರಿಯರ ಹೆಸರಿಟ್ಟು, ನೆರೆಹೊರೆಗೆ ಗುಗ್ಗರಿ ಹಂಚಿದ ವಾರದೊಳಗೆ ನಾಲ್ಕೂ ಕಣ್ಣು ಮುಚ್ಚಿದ್ದವು. ಸಾವಿಗೆ ಈ ಮನೆಯ ಹೆಸರುಗಳೆಲ್ಲ ಬಾಯಿಪಾಠವಾಗಿವೆ ಎಂದು ಜನ ಆಡಿಕೊಂಡರು. ಐದನೆಯದು ಹೊಟ್ಟೆಯಲ್ಲಿದ್ದಾಗ ಅವಳು ಸೀಮಂತದ ಬಳೆ ಇಡಿಸಿಕೊಳ್ಳಲಿಲ್ಲ, ಕೂಸಿಗೆಂದು ಒಂದು ಕುಲಾವಿಯನ್ನೂ ಹೊಲಿಯಲಿಲ್ಲ. ಆಸೆಪಟ್ಟದ್ದು ಸಾವಿನ ಕಿವಿಗೆ ಬಿದ್ದೀತೆಂಬ ಹೆದರಿಕೆ ಅವಳಿಗೆ.

ಹುಟ್ಟಿದ್ದು ಮತ್ತೆ ಗಂಡು. ಆಗ ಸೂಲಗಿತ್ತಿ ಮಾಳವ್ವ ಹಳೆಯ ಪದ್ಧತಿಯೊಂದನ್ನು ನೆನಪಿಸಿದಳು. ಮಕ್ಕಳು ಉಳಿಯದ ಮನೆಯಲ್ಲಿ ಕೂಸನ್ನು ಐದನೆಯ ದಿನ ಮೊರದಲ್ಲಿ ಮಲಗಿಸಿ ಊರಿನವನಲ್ಲದ ಒಬ್ಬನಿಗೆ ಮಾರಿಬಿಡುವುದು. ಕೊಳ್ಳುವವನು ಕೂಸನ್ನು ಎತ್ತಿಕೊಂಡು, ಅದರ ಜಾಗದಲ್ಲಿ ಒಂದು ಹಿಡಿ ತೌಡು ಹಾಕಿ, ತನ್ನ ಹೆಸರನ್ನು ಅದರ ಕಿವಿಯಲ್ಲಿ ಹೇಳುತ್ತಾನೆ. ಆಮೇಲೆ "ಇದು ನನ್ನ ಮಗ, ನಿನ್ನ ಮನ್ಯಾಗ ಬೆಳೀಲಿ" ಎಂದು ತಾಯಿಯ ಉಡಿಗೆ ಮರಳಿ ಹಾಕುತ್ತಾನೆ. ಸಾವು ಮನೆಗೆ ಬಂದು ಹುಡುಕಿದರೆ ಅಲ್ಲಿರುವುದು ಬೇರೆಯವರ ಕೂಸು. ಬಂದ ದಾರಿಗೆ ಸುಂಕವಿಲ್ಲವೆಂದು ಹೊರಟುಹೋಗುತ್ತದೆ. ಮಾತು ಮಾತ್ರ ಎರಡೂ ಆಗಬೇಕು. ಕಿವಿಯಲ್ಲಿ ಹೆಸರು ಹೇಳಿ ಬೆಳೆಯಲಿ ಎನ್ನದೆ ಬಿಟ್ಟರೆ ಕೂಸು ಕೊಂಡವನ ಹತ್ತಿರವೂ ಇರುವುದಿಲ್ಲ, ಹೆತ್ತವಳದ್ದೂ ಆಗುವುದಿಲ್ಲ. ಅಂಥ ಯಾರದೂ ಅಲ್ಲದ ಕೂಸನ್ನು ತೊಟ್ಟಿಲಿಗೆ ಹಾಕಿದರೆ ಸಾವಿಗೆ ತಾನಾಗಿ ಕೈಗೆ ಕೊಟ್ಟಂತೆ ಎಂದು ನಂಬಿದ್ದರು.

ಆ ದಿನಗಳಲ್ಲಿ ಮುದ್ದನಗೇರಿಗೆ ಬಂದಿದ್ದ ಹೊರಗಿನವರೆಂದರೆ ಗುಡ್ಡದ ಮೇಲೆ ಡೇರೆ ಹಾಕಿದ್ದ ಸರ್ವೆಯ ಸಾಹೇಬ ಚಾಂಡ್ಲರ್ ಮತ್ತು ಅವನ ಕಡೆಯವರು ಮಾತ್ರ. ಸಾಹೇಬ ಎತ್ತರದ, ಬಡಕಲು ಆಳು. ಬಿಸಿಲಿಗೆ ಮೂಗಿನ ಚರ್ಮ ಸುಲಿದುಹೋಗಿತ್ತು. ಹನ್ನೆರಡು ಹರದಾರಿ ದೂರದ ಕರೇಗುಡ್ಡದ ಮೇಲೆ ಅವನ ಆಳುಗಳು ಕನ್ನಡಿಯೊಂದನ್ನು ಬಿಸಿಲಿಗೆ ತಿರುಗಿಸಿ ಹಿಡಿಯುತ್ತಿದ್ದರು; ಅದರ ಹೊಳಪು ಇಲ್ಲಿಗೆ ಹಗಲು ಹೊತ್ತಿನ ಚುಕ್ಕಿಯಂತೆ ಕಾಣುತ್ತಿತ್ತು. ಆ ಚುಕ್ಕಿಗೆ ದುರ್ಬೀನು ಹೂಡಿ ಸಾಹೇಬ ನೆಲ ಅಳೆಯುತ್ತಿದ್ದ. ಆದರೆ ಸುಗ್ಗಿಯ ಧೂಳೆದ್ದು ನಾಲ್ಕು ದಿನದಿಂದ ದಿಕ್ಕೆಲ್ಲ ಮಬ್ಬಾಗಿತ್ತು, ಚುಕ್ಕಿ ಕಂಡಿರಲಿಲ್ಲ. ಸಾಹೇಬ ಕಟ್ಟೆಯ ಮೇಲೆ ಕೂತು ಗಡ್ಡ ಕೆರೆದುಕೊಳ್ಳುತ್ತಿದ್ದ.

ಹಸಿ ಬಾಣಂತಿ ಗುಡ್ಡ ಹತ್ತುವುದೆಂದರೇನು ಎಂದು ಹಿರಿಯರು ಬೈದರು. ಕೆಂಚವ್ವ ಕೇಳಲಿಲ್ಲ. ತಲೆಗೆ ಕಂಬಳಿ ಕೊಪ್ಪೆ ಹಾಕಿಕೊಂಡು, ಮಾಳವ್ವ ಮೊರ ಹೊತ್ತು ಮುಂದೆ ನಡೆಯುತ್ತಿದ್ದರೆ, ಗಂಡ ಅಮೋಗಪ್ಪನ ತೋಳು ಹಿಡಿದು ಹತ್ತಿದಳು. ಸಾಹೇಬನ ಜೊತೆಗಿದ್ದ ಮುನ್ಷಿ ಬೇರೆ ಸೀಮೆಯವನು. ಅವನಿಗೆ ಈ ಪದ್ಧತಿ ಗೊತ್ತಿರಲಿಲ್ಲ. ಮಾಳವ್ವ ಹೇಳಿದ್ದನ್ನು ತುಂಡು ತುಂಡಾಗಿ ತಿಳಿಸಿದ. ಮೊದಮೊದಲು ಸಾಹೇಬ ಗಾಬರಿಬಿದ್ದ. ಆಮೇಲೆ ಕೆಂಚವ್ವನ ಮುಖವನ್ನು ಒಮ್ಮೆ ನೋಡಿ ಟೋಪಿ ತೆಗೆದು ಕೆಳಗಿಟ್ಟ. ಕೂಸನ್ನು ಎರಡೂ ಕೈಯಲ್ಲಿ, ಗಾಜಿನ ಸಾಮಾನು ಎತ್ತುವಷ್ಟು ಜೋಕೆಯಿಂದ ಎತ್ತಿಕೊಂಡ. ತೌಡು ಹಾಕಿದ. ಕಿವಿಯಲ್ಲಿ ಹೆಸರು ಹೇಳಿದ. ಹಾಗೆಂದರೇನು ಎಂದು ಕೆಂಚವ್ವ ಕೇಳಿದಳು. "ದೀಪದ ಬತ್ತಿ ಮಾಡೋ ಮನೆತನ ಅಂತಮ್ಮ" ಎಂದ ಮುನ್ಷಿ. ಅವಳಿಗೆ ಹೆಸರು ಹಿಡಿಸಿತು.

ಇನ್ನು ಎರಡನೆಯ ಮಾತು ಆಗಬೇಕು, ಅಷ್ಟರಲ್ಲಿ ಆಳುಗಳು ಕೂಗಿದರು. ಪೂರ್ವದ ಮಬ್ಬು ಹರಿದು ಕರೇಗುಡ್ಡದ ನೆತ್ತಿಯಲ್ಲಿ ಚುಕ್ಕಿ ಹೊಳೆಯುತ್ತಿತ್ತು. ಸಾಹೇಬ ಕೂಸನ್ನು ತಾಯಿಯ ಕೈಗಿತ್ತವನೇ ದುರ್ಬೀನಿಗೆ ಓಡಿದ. ನಡುಹಗಲಲ್ಲಿ ಚುಕ್ಕಿ ಮೂಡಿದ್ದನ್ನು ಜನ್ಮದಲ್ಲಿ ಕಂಡಿರದ ಮಾಳವ್ವ, ಎಪ್ಪತ್ತು ಬಾಣಂತನ ಮಾಡಿದ ಗಟ್ಟಿಗಿತ್ತಿ, ಬಾಯಿ ತೆರೆದು ಅದನ್ನೇ ನೋಡುತ್ತ ನಿಂತುಬಿಟ್ಟಳು. ಅಮೋಗಪ್ಪ ಚುಕ್ಕಿಗೆ ಕೈಮುಗಿದ. ಆ ಬೆರಗಿನಲ್ಲಿ ಹಾಗೆಯೇ ಗುಡ್ಡ ಇಳಿದರು. ಮರುದಿನ ಸಾಹೇಬ ಡೇರೆ ಕಿತ್ತು, ಈ ಗುಡ್ಡದ ಮೇಲೆ ಕನ್ನಡಿ ಹಿಡಿಯಲು ಖಲಾಸಿ ಹುಸೇನಸಾಬನೊಬ್ಬನನ್ನು ಬಿಟ್ಟು, ಕರೇಗುಡ್ಡಕ್ಕೆ ಹೊರಟುಹೋದ.

ತಪ್ಪು ಗೊತ್ತಾದದ್ದು ಹತ್ತನೆಯ ದಿನ ಬೆಳಿಗ್ಗೆ. ಕೂಸಿಗೆ ಎರೆಯುತ್ತ ಕೂತಿದ್ದ ಮಾಳವ್ವನ ಕೈ ನಿಂತುಹೋಯಿತು. "ಯವ್ವಾ ಕೆಂಚಿ, ಬೆಳೀಲಿ ಅನ್ನೋ ಮಾತು ಅವ ಅಂದ್ನೇನ?" ಎಂದಳು. ಕೆಂಚವ್ವ ಕೂಸನ್ನು ಕಿತ್ತುಕೊಂಡು ಎದೆಗವಚಿಕೊಂಡಳು. ಆ ಕ್ಷಣದವರೆಗೆ ತನ್ನದೆಂದು ಹಾಲೂಡಿಸಿದ್ದ ಕೂಸು ಇನ್ನೊಬ್ಬರ ಸೊತ್ತು, ಆ ಇನ್ನೊಬ್ಬರು ಹನ್ನೆರಡು ಹರದಾರಿ ಆಚೆ. ಹೋಗಲು ಎರಡು ದಿನ, ಬರಲು ಎರಡು ದಿನ. ತೊಟ್ಟಿಲಿಗೆ ಉಳಿದದ್ದು ಮೂರೇ ದಿನ.

ದಾರಿ ತೋರಿಸಿದವನು ಹುಸೇನಸಾಬ. ಅವನು ಮಾತು ಕಡಿಮೆ, ಕೆಲಸ ಜಾಸ್ತಿ ಎನ್ನುವ ಜಾತಿಯವನು. "ಅಮೋಗಪ್ಪ ಹೋಗಿ ಕೇಳ್ಲಿ. ಅವ ಹೊಳ್ಳಿ ಬರೂತನಕ ಯಾಕ ಕಾಯಬೇಕು? ಸಾಹೇಬ್ರು ಬೆಳೀಲಿ ಅಂದ್ರ, ಹದಿಮೂರನೇ ದಿನ ಹೊತ್ತು ಮುಳುಗೂದ್ರಾಗ ಕನ್ನಡಿ ಮೂರು ಸಲ ಮುಚ್ಚಿ ತಗೀಲಿ. ನಾವಿಲ್ಲಿ ನೋಡ್ತೀವಿ" ಎಂದ. ಅಮೋಗಪ್ಪ ರೊಟ್ಟಿ ಗಂಟು ಕಟ್ಟಿಕೊಂಡು ಆಗಲೇ ಹೊರಟ. ಮೂರು ದಿನವೂ ಕೆಂಚವ್ವ ಕೂಸಿನೊಡನೆ ಹೊಸ್ತಿಲ ಹೊರಗೆ ಕಟ್ಟೆಯ ಮೇಲೆಯೇ ಇದ್ದಳು. ಬೇರೆಯವರ ಕೂಸನ್ನು ಕೇಳದೆ ಒಳಗೊಯ್ಯುವುದು ಕಳವು ಎಂದು ಅವಳ ಲೆಕ್ಕ.

ಹದಿಮೂರನೆಯ ದಿನ ಬೆಳಗಾಗುತ್ತಲೇ ಅವಳು ಗುಡ್ಡ ಹತ್ತಿ ಪೂರ್ವಕ್ಕೆ ಮುಖ ಮಾಡಿ ಕೂತಳು. ಊರೂ ಹಿಂದೆಯೇ ಹತ್ತಿತು. ಮಧ್ಯಾಹ್ನದವರೆಗೆ ಧೂಳಿನ ಮಬ್ಬಲ್ಲದೆ ಏನೂ ಕಾಣಲಿಲ್ಲ. ಹೊತ್ತು ಪಡುವಣಕ್ಕೆ ವಾಲಿದ ಮೇಲೆ ಗಾಳಿ ತಿರುಗಿ ಕರೇಗುಡ್ಡ ಕಂಡಿತು, ಅದರ ನೆತ್ತಿಯಲ್ಲಿ ಚುಕ್ಕಿಯೂ ಮೂಡಿತು. ಆದರೆ ಚುಕ್ಕಿ ಮಿಸುಕಲಿಲ್ಲ. ಅದು ದಿನದ ಕೆಲಸದ ಬೆಳಕೋ, ತನಗೆ ಕಳಿಸಿದ ಬೆಳಕೋ ತಿಳಿಯದೆ ಕೆಂಚವ್ವ ಕಣ್ಣು ಪಿಳುಕಿಸದೆ ನೋಡಿದಳು. ಕೂಸು ಹಸಿದು ಅತ್ತಿತು. ಅವಳು ಎದೆಗೆ ಹಚ್ಚಿಕೊಂಡಳು, ನೋಟ ಕೀಳಲಿಲ್ಲ. "ಯಪ್ಪಾ, ಕೊಟ್ಟುಬಿಡೋ. ನಿನ್ನ ಹೆಸರು ಹೇಳಿಕೊಂಡ ಬೆಳಸ್ತೀನಿ" ಎಂದು ಗೊಣಗುತ್ತಿದ್ದಳಂತೆ. ಆಗ ಚುಕ್ಕಿ ಆರಿತು. ಮತ್ತೆ ಹೊತ್ತಿತು, ಆರಿತು, ಹೊತ್ತಿತು, ಆರಿತು. ಮೂರನೆಯ ಸಲ ಆರಿ ಹೊತ್ತಿಕೊಂಡದ್ದು ಸೂರ್ಯ ಮುಳುಗುವವರೆಗೆ ಹಾಗೆಯೇ ನಿಂತಿತ್ತು.

ಆ ಬೆಳಕು ಬಂದು ಕೂಸಿನ ಹಣೆಯ ಮೇಲೆ ಕೂತಿತು, ಕೂಸು ಅಳು ನಿಲ್ಲಿಸಿ ನಕ್ಕಿತು ಎನ್ನುತ್ತಾರೆ. ಅಷ್ಟು ದೂರದ ಅಂಗೈಯಗಲದ ಕನ್ನಡಿಗೆ ಹಣೆ ಬೆಳಗುವ ಶಕ್ತಿಯಿಲ್ಲ ಎಂದು ಓದಿದವರು ವಾದಿಸಬಹುದು. ಅವರು ಒಮ್ಮೆ ಮುದ್ದನಗೇರಿಯ ಮುದುಕಿಯರ ಎದುರು ಹಾಗೆ ಹೇಳಿ ನೋಡಲಿ. ಮಾತೊಂದು ಬೆಳಕಾಗಿ ಹನ್ನೆರಡು ಹರದಾರಿ ನಡೆದು ಬಂದು ಒಬ್ಬ ತಾಯಿಯ ಉಡಿ ತುಂಬಿತೆಂದ ಮೇಲೆ, ಹಣೆಯ ಮಾತಿಗೆ ಯಾಕೆ ಜಗಳ? ಹುಸೇನಸಾಬ ಮೇಲಿನವರ ಅಪ್ಪಣೆಯಿಲ್ಲದೆ ಮುಟ್ಟಬಾರದ ತನ್ನ ಕನ್ನಡಿಯನ್ನು ತಿರುಗಿಸಿ, ಉತ್ತರವಾಗಿ ಮೂರು ಸಲ ಮುಚ್ಚಿ ತೆಗೆದ. ಕೆಂಚವ್ವ ಅಂದು ಕೂಸನ್ನು ತೊಟ್ಟಿಲಿಗೆ ಹಾಕಿ ಚಾಂಡ್ಲಪ್ಪ ಎಂದು ಕರೆದಳು.

ಎರಡು ದಿನ ಬಿಟ್ಟು ಬಂದ ಅಮೋಗಪ್ಪ ಅಲ್ಲಿ ನಡೆದದ್ದನ್ನು ಹೇಳಿದ. ಸಾಹೇಬ ಆ ಮಾತನ್ನು ಮುನ್ಷಿಯಿಂದ ಹೇಳಿಸಲು ಒಪ್ಪಲಿಲ್ಲವಂತೆ. ಅಮೋಗಪ್ಪನ ಬಾಯಿಂದಲೇ ಹತ್ತಾರು ಸಲ ಹೇಳಿಸಿಕೊಂಡು, ಕಲಿತು, ಮುದ್ದನಗೇರಿಯ ಕಡೆಗೆ ತಿರುಗಿ ನಿಂತು, ತೊದಲುತ್ತಲೇ ಕನ್ನಡದಲ್ಲಿ "ಇದು ನನ್ನ ಮಗ, ನಿನ್ನ ಮನ್ಯಾಗ ಬೆಳೀಲಿ" ಎಂದನಂತೆ. ಆಮೇಲೆ ತನ್ನ ಟೋಪಿಯಿಂದಲೇ ಕನ್ನಡಿ ಮುಚ್ಚಿ ತೆಗೆದ. ಅವನಿಗೆ ಹೆಂಡತಿ ಮಕ್ಕಳು ಯಾರೂ ಇಲ್ಲವೆಂದು ಮುನ್ಷಿ ಹೇಳಿದ್ದನ್ನೂ ಅಮೋಗಪ್ಪ ತಿಳಿಸಿದ.

ಕೂಸು ಉಳಿಯಿತು. ವಾರ ದಾಟಿತು, ತಿಂಗಳು ದಾಟಿತು, ಹಲ್ಲು ಮೂಡಿತು. ವರ್ಷ ತುಂಬುವ ಹೊತ್ತಿಗೆ ಹುಸೇನಸಾಬ ಆ ದಾರಿಯಲ್ಲಿ ಹೋಗುತ್ತ ಮನೆಗೆ ಬಂದ. ಅಂಗಳದಲ್ಲಿ ಅಂಬೆಗಾಲಿಡುತ್ತಿದ್ದ ಹುಡುಗನನ್ನು ಎತ್ತಿಕೊಂಡ. ಆಮೇಲೆ ಹೇಳಿದ: ಹೊಳೆಯಾಚೆಯ ಕಾಡುಗುಡ್ಡದ ಮೇಲೆ ಸಾಹೇಬ ಚಳಿಜ್ವರ ಬಂದು ತೀರಿಕೊಂಡ. ಮೂರೇ ದಿನದ ಜ್ವರ. ಊರಿನವರು ತಮ್ಮ ತಮ್ಮಲ್ಲೇ ಅರ್ಥ ಮಾಡಿಕೊಂಡರು. ಸಾವು ಮುದ್ದನಗೇರಿಗೆ ಬಂದಿದೆ. ಕೂಸಿನ ಹೆಸರು ಕೇಳಿದೆ. ಆ ಹೆಸರನ್ನು ಹುಡುಕುತ್ತ ಗುಡ್ಡದಿಂದ ಗುಡ್ಡಕ್ಕೆ ಹೋಗಿ ಅದರ ಒಡೆಯನನ್ನೇ ಮುಟ್ಟಿದೆ. ಯಾರೂ ಇದನ್ನು ಕೆಂಚವ್ವನ ಎದುರು ಆಡಲಿಲ್ಲ. ಆಡುವ ಅಗತ್ಯವೂ ಇರಲಿಲ್ಲ. ಅವಳು ಆ ದಿನ ಒಲೆ ಹಚ್ಚಲಿಲ್ಲ.

ಮರುದಿನ ಮಗನನ್ನು ಸೊಂಟಕ್ಕೇರಿಸಿಕೊಂಡು ಹಿರಿಯರು ಕೂತಿದ್ದ ಚಾವಡಿಗೆ ಹೋದಳು. ಹುಡುಗನ ತಲೆ ಬೋಳಿಸಬೇಕು, ಸತ್ತವನಿಗೆ ಮಗನಾಗಿ ಇವನು ನೀರು ಬಿಡಬೇಕು ಎಂದಳು. ಹಿರಿಯರು ಕೆರಳಿದರು. ಅವನು ಬಿಳಿಯ, ಬೇರೆ ಧರ್ಮದವನು. ಹೆತ್ತ ತಂದೆ ಅಮೋಗಪ್ಪ ಕಲ್ಲುಗುಂಡಿನ ಹಾಗೆ ಬದುಕಿರುವಾಗ ಮಗನ ತಲೆ ಬೋಳಿಸುವುದು ಅಪಶಕುನ. ಮಾರಿದ್ದು ಬರೀ ಶಾಸ್ತ್ರಕ್ಕಲ್ಲವೇ ಎಂದರು. ಹೆಂಗಸರು ಚಾವಡಿಯಲ್ಲಿ ದನಿ ಎತ್ತದ ಕಾಲವದು. ಕೆಂಚವ್ವ ಎತ್ತಿದಳು.

"ಅವತ್ತ ಮಾರಿದ್ದು ಸುಳ್ಳಾಗಿದ್ರ ನನ್ನ ಮಗ ಇವತ್ತ ಇರ್ತಿದ್ದಿಲ್ಲ. ಅವತ್ತ ಖರೇ ಆಗಿದ್ದು ಇವತ್ತ ಹ್ಯಾಂಗ ಸುಳ್ಳಾಗ್ತೈತಿ? ನನ್ನ ಕೂಸಿನ ಸಾವು ಅವ ತಗೊಂಡಾನ. ಅವಗ ಮಕ್ಕಳಿಲ್ಲ ಅನ್ನೋ ಮಾತು ಈ ಊರಾಗ ಯಾರೂ ಆಡಬ್ಯಾಡ್ರಿ."

ಅಮೋಗಪ್ಪ ಎದ್ದು ಬಂದು ಮಗನನ್ನು ಅವಳ ಕೈಯಿಂದ ತೆಗೆದುಕೊಂಡ. ತಾನೇ ಕೂತು, ತೊಡೆಯ ಮೇಲೆ ಹುಡುಗನನ್ನು ಇರಿಸಿಕೊಂಡು, ತಲೆ ಬೋಳಿಸಿದ. ಆಮೇಲೆ ನೀರು ಬಿಡಿಸಲು ಹಿರಿಯರೂ ಗುಡ್ಡ ಹತ್ತಿದರು. ಸಾವನ್ನು ದಾರಿ ತಪ್ಪಿಸಿದ ಆ ಹೆಸರನ್ನು ಮುಂದೆ ಊರಿನವರು ತಮ್ಮ ಗಂಡುಮಕ್ಕಳಿಗೂ ಇಡತೊಡಗಿದರು.

ಇಂದಿಗೂ ಮಹಾಲಯ ಅಮಾವಾಸ್ಯೆಯ ಮಧ್ಯಾಹ್ನ ಆ ಗುಡ್ಡಕ್ಕೆ ಹೋದವರು ಇದನ್ನು ನೋಡಬಹುದು. ಅಜ್ಜಂದಿರು, ಗಂಡಸರು, ಶಾಲೆಗೆ ಹೋಗುವ ಹುಡುಗರು, ನಲವತ್ತಕ್ಕೂ ಹೆಚ್ಚು ಚಾಂಡ್ಲಪ್ಪಂದಿರು ಬರಿಗಾಲಿನಲ್ಲಿ ಹತ್ತಿ ಬರುತ್ತಾರೆ. ಮುತ್ತುಗದ ಎಲೆಯಲ್ಲಿ ಹೋಳಿಗೆ, ಜೋಳದ ರೊಟ್ಟಿ, ಬದನೆಕಾಯಿ ಪಲ್ಯ ಎಡೆ ಹಿಡಿದು, ಸಾಲಾಗಿ ಪೂರ್ವಕ್ಕೆ ಮುಖ ಮಾಡಿ ನೀರು ಬಿಡುತ್ತಾರೆ. ಯಾರಿಗೆ ಇದೆಲ್ಲ ಎಂದು ಹೊರಗಿನವರು ಕೇಳಿದರೆ ಅವರಿಗೆ ಇಷ್ಟು ಉದ್ದದ ಕಥೆ ಹೇಳುವ ಪುರುಸೊತ್ತಿರುವುದಿಲ್ಲ. ಕೈಯಲ್ಲಿನ ತಂಬಿಗೆ ಕೆಳಗಿಡದೆಯೇ ಯಾರಾದರೊಬ್ಬರು ಹೇಳುತ್ತಾರೆ: "ನಮ್ಮಪ್ಪಗ್ರಿ."